ಮಹಾವ್ಯಾಧನ ನೀಹಾರಿಕೆ ಬರೀ ಬೂದಿಬಣ್ಣದ ಕಲೆಯಾಗಿ ಕಾಣುತ್ತಿದೆ: ದೋಷ ದೂರದರ್ಶಕದ್ದೋ, ದಾವಣಗೆರೆಯ ಆಕಾಶದ್ದೋ?

ಹಳೇಪೇಟೆ ಮಾಳಿಗೆ

ಎಲ್ಲರಿಗೂ ನಮಸ್ಕಾರ. ನಮ್ಮ ಮನೆ ದಾವಣಗೆರೆಯ ಹಳೆಯ ಭಾಗದಲ್ಲಿದೆ. ಹೈಸ್ಕೂಲಿನಲ್ಲಿ ಓದುತ್ತಿರುವ ಮಗಳ ಒತ್ತಾಯಕ್ಕೆ ಮಣಿದು 70 ಮಿಲಿಮೀಟರ್ ಮಸೂರದ ಒಂದು ದೂರದರ್ಶಕವನ್ನು ಕೊಂಡೆವು. ಅದರ ಡಬ್ಬಿಯ ಮೇಲೆ ಗುಲಾಬಿ, ನೇರಳೆ ಬಣ್ಣಗಳ ನೀಹಾರಿಕೆಯ ಚಿತ್ರವಿದ್ದು, ಪಕ್ಕದಲ್ಲೇ 525 ಪಟ್ಟು ವರ್ಧನೆ ಎಂದು ದಪ್ಪಕ್ಷರಗಳಲ್ಲಿ ಅಚ್ಚಾಗಿದೆ. ಚಂದ್ರನ ಕುಳಿಗಳೂ ಗುರುವಿನ ನಾಲ್ಕು ಉಪಗ್ರಹಗಳೂ ಚೆನ್ನಾಗಿಯೇ ಕಂಡವು. ಆದರೆ ಮಹಾವ್ಯಾಧ (ಒರಾಯನ್) ನಕ್ಷತ್ರಪುಂಜದ ಸೊಂಟಪಟ್ಟಿಯ ಮೂರು ನಕ್ಷತ್ರಗಳ ಕೆಳಗಿರುವ ನೀಹಾರಿಕೆಯ ಕಡೆಗೆ ತಿರುಗಿಸಿದರೆ ಬೂದಿಬಣ್ಣದ ಒಂದು ಕಲೆ ಕಾಣುತ್ತದೆಯೇ ಹೊರತು ಬೇರೇನೂ ಇಲ್ಲ. ಹೆಚ್ಚು ವರ್ಧನೆಯ ನೇತ್ರಮಸೂರ ಹಾಕಿದಷ್ಟೂ ಅದು ಇನ್ನಷ್ಟು ಮಂಕಾಗುತ್ತದೆ. ಏಡಿ ನೀಹಾರಿಕೆಯಂತೂ ಕಣ್ಣಿಗೇ ಬೀಳಲಿಲ್ಲ. ಮಾರಿದವರನ್ನು ವಿಚಾರಿಸಿದರೆ ಇದಕ್ಕಿಂತ ದೊಡ್ಡದನ್ನು ಕೊಳ್ಳಬೇಕು ಎನ್ನುತ್ತಾರೆ. ಹಣ ಹಾಕುವ ಮೊದಲು ಬಲ್ಲವರ ಅಭಿಪ್ರಾಯ ಬೇಕು. ದೋಷ ಉಪಕರಣದಲ್ಲಿದೆಯೇ, ಆಕಾಶದಲ್ಲಿದೆಯೇ, ನಮ್ಮ ನೋಟದಲ್ಲಿದೆಯೇ?

ಕೋಟೆಕಲ್ಲು

ದೋಷ ಯಾವುದರಲ್ಲೂ ಇಲ್ಲ. ಆ ಬೂದಿಬಣ್ಣದ ಕಲೆಯೇ ನೀಹಾರಿಕೆ. ಸುಮಾರು 1,340 ಜ್ಯೋತಿರ್ವರ್ಷ ದೂರದ ಅನಿಲದ ಮೋಡವನ್ನು ದಾವಣಗೆರೆಯ ಮಾಳಿಗೆಯಿಂದ ನೋಡಿದ್ದೀರಿ, ಅಭಿನಂದನೆಗಳು.

ಬೆಣ್ಣೆದೋಸೆ

ಹಾಗಾದರೆ ಪುಸ್ತಕಗಳಲ್ಲಿ ಅಚ್ಚು ಹಾಕುವ ಬಣ್ಣದ ಚಿತ್ರಗಳೆಲ್ಲವೂ ಸುಳ್ಳು ಎಂದು ಒಪ್ಪಿಕೊಂಡಂತಾಯಿತಲ್ಲವೇ?

ಹಿರಿಯೂರಿನ ಮೇಷ್ಟ್ರು

ಸುಳ್ಳಲ್ಲ. ಆ ಚಿತ್ರಗಳು ಕಣ್ಣಿನ ಚಿತ್ರಗಳಲ್ಲ, ಅಷ್ಟೇ. ಇದನ್ನು ಸ್ವಲ್ಪ ಬಿಡಿಸಿ ಹೇಳುವುದು ಒಳ್ಳೆಯದು, ಏಕೆಂದರೆ ಹೊಸದಾಗಿ ನೋಡುವವರೆಲ್ಲರೂ ಎಡವುವುದು ಇಲ್ಲಿಯೇ.

ನಮ್ಮ ಅಕ್ಷಿಪಟಲದಲ್ಲಿ ಬಣ್ಣವನ್ನು ಗುರುತಿಸುವ ಶಂಕುಕೋಶಗಳಿಗೆ ಸಾಕಷ್ಟು ಬೆಳಕು ಬೇಕು. ಮಂದ ಬೆಳಕಿನಲ್ಲಿ ಕೆಲಸ ಮಾಡುವ ದಂಡಕೋಶಗಳಿಗೆ ಬಣ್ಣದ ಅರಿವಿಲ್ಲ, ಕೆಂಪು ಬೆಳಕು ಅವುಗಳಿಗೆ ಬಹುತೇಕ ಕಾಣುವುದೇ ಇಲ್ಲ. ನೀಹಾರಿಕೆಯ ಗುಲಾಬಿ ಬಣ್ಣ ಬರುವುದು ಮುಖ್ಯವಾಗಿ ಜಲಜನಕ ಸೂಸುವ 656 ನ್ಯಾನೋಮೀಟರ್ ಅಲೆಯುದ್ದದ ಕೆಂಪು ಬೆಳಕಿನಿಂದ. ಕ್ಯಾಮೆರಾ ಅದನ್ನು ನಿಮಿಷಗಟ್ಟಲೆ ಕೂಡಿಟ್ಟುಕೊಳ್ಳುತ್ತದೆ, ಕಣ್ಣಿಗೆ ಹಾಗೆ ಕೂಡಿಡುವ ಶಕ್ತಿಯಿಲ್ಲ. 1880ರ ಸೆಪ್ಟೆಂಬರ್ 30ರಂದು ಹೆನ್ರಿ ಡ್ರೇಪರ್ ಈ ನೀಹಾರಿಕೆಯ ಮೊದಲ ಛಾಯಾಚಿತ್ರ ತೆಗೆದಾಗ ಫಲಕವನ್ನು 51 ನಿಮಿಷ ಬೆಳಕಿಗೆ ಒಡ್ಡಬೇಕಾಯಿತು.

ಆದರೂ ಕಣ್ಣಿನ ಪಾಲಿಗೆ ಒಂದು ಅನುಕೂಲವಿದೆ. ಇದೇ ನೀಹಾರಿಕೆಯಲ್ಲಿ ಎರಡು ಎಲೆಕ್ಟ್ರಾನ್ ಕಳೆದುಕೊಂಡ ಆಮ್ಲಜನಕ 500.7 ನ್ಯಾನೋಮೀಟರಿನ ಹಸಿರು ಬೆಳಕನ್ನು ಸೂಸುತ್ತದೆ, ದಂಡಕೋಶಗಳು ಅತಿ ಚುರುಕಾಗಿರುವುದು ಹೆಚ್ಚುಕಡಿಮೆ ಅದೇ ಅಲೆಯುದ್ದದಲ್ಲಿ. ದೊಡ್ಡ ದೂರದರ್ಶಕದಲ್ಲಿ ನೋಡಿದವರು ತುಸು ಹಸಿರು ಛಾಯೆಯನ್ನು ಕಂಡೆವು ಎನ್ನುವುದು ಈ ಕಾರಣಕ್ಕೆ. ಆ ಹಸಿರು ಗೆರೆ ಯಾವ ಧಾತುವಿನದೆಂದು ತಿಳಿಯದೆ, ನೀಹಾರಿಕೆಗಳಲ್ಲಿ ಮಾತ್ರ ಸಿಗುವ ಹೊಸ ಧಾತುವಿದೆ ಎಂದೇ ವಿಜ್ಞಾನಿಗಳು ಬಹುಕಾಲ ನಂಬಿ ಅದಕ್ಕೆ ನೆಬ್ಯುಲಿಯಂ ಎಂದು ಹೆಸರಿಟ್ಟಿದ್ದರು. ಅದು ಆಮ್ಲಜನಕವೇ ಎಂದು ಐರಾ ಬೋವೆನ್ ತೋರಿಸಿದ್ದು 1927ರಲ್ಲಿ.

ಲೆನ್ಸ್ ಮರುಳ

ಮೇಷ್ಟ್ರ ಪಾಠ ಸರಿಯಾಗಿದೆ, ಆದರೆ ಪ್ರಶ್ನೆಗೆ ಉತ್ತರ ಬಂದಿಲ್ಲ. 70 ಮಿಲಿಮೀಟರ್ ಆಟಿಕೆಯಲ್ಲಿ ನೀಹಾರಿಕೆ ನೋಡಲು ಹೊರಡುವುದೇ ತಪ್ಪು. ಕನಿಷ್ಠ 8 ಅಂಗುಲದ ಡಾಬ್ಸೋನಿಯನ್ ಎಂಬ ಕನ್ನಡಿ ದೂರದರ್ಶಕ ಬೇಕು. 200 ಮಿಲಿಮೀಟರ್ ಕನ್ನಡಿ 70 ಮಿಲಿಮೀಟರ್ ಮಸೂರಕ್ಕಿಂತ ಎಂಟು ಪಟ್ಟು ಹೆಚ್ಚು ಬೆಳಕನ್ನು ಹಿಡಿಯುತ್ತದೆ. ಅಂಗಡಿಯವರು ಹೇಳಿದ್ದು ಈ ಒಂದು ವಿಷಯದಲ್ಲಿ ಸರಿ.

ಜಗಳೂರು ಬಯಲು

ಎಂಟು ಪಟ್ಟು ಹೆಚ್ಚು ಬೆಳಕು ಹಿಡಿಯುವ ಕನ್ನಡಿ ಊರಿನ ಬೀದಿದೀಪಗಳ ಬೆಳಕನ್ನೂ ಎಂಟು ಪಟ್ಟು ಹಿಡಿಯುತ್ತದೆ ಎಂಬುದನ್ನು ತಾವು ಯಾಕೆ ಮರೆಯುತ್ತೀರಿ? ನಕ್ಷತ್ರದ ಮಾತು ಬೇರೆ, ಅದು ಬಿಂದು. ಆಕಾಶದಲ್ಲಿ ಹರಡಿಕೊಂಡ ನೀಹಾರಿಕೆಗೆ ಮುಖ್ಯವಾದದ್ದು ಅದಕ್ಕೂ ಹಿನ್ನೆಲೆಗೂ ಇರುವ ವ್ಯತ್ಯಾಸ, ಆ ವ್ಯತ್ಯಾಸವನ್ನು ಯಾವ ಕನ್ನಡಿಯೂ ಹೆಚ್ಚಿಸಲಾರದು. ಊರೊಳಗೆ 8 ಅಂಗುಲ ಇಟ್ಟುಕೊಂಡವರಿಗಿಂತ ಜಗಳೂರಿನ ಆಚೆಯ ಹೊಲದಲ್ಲಿ 10×50 (10 ಪಟ್ಟು ವರ್ಧನೆ, 50 ಮಿಲಿಮೀಟರ್ ಮಸೂರ) ಬೈನಾಕ್ಯುಲರ್ ಹಿಡಿದು ನಿಂತವರು ನೀಹಾರಿಕೆಯ ರೆಕ್ಕೆಗಳನ್ನು ಹೆಚ್ಚು ವಿಸ್ತಾರವಾಗಿ ನೋಡುತ್ತಾರೆ.

ವರ್ಧನೆಯ ವಿಚಾರವನ್ನೂ ಹೇಳಿಬಿಡುತ್ತೇನೆ. ಮಸೂರದ ವ್ಯಾಸದ ಪ್ರತಿ ಮಿಲಿಮೀಟರಿಗೆ ಎರಡು ಪಟ್ಟು ಎಂಬುದು ಉಪಯುಕ್ತ ವರ್ಧನೆಯ ರೂಢಿಯ ಮಿತಿ, ಅಂದರೆ ನಿಮ್ಮ ಉಪಕರಣಕ್ಕೆ 140 ಪಟ್ಟು. 525 ಎಂಬುದು ಬರೀ ಡಬ್ಬಿಯ ಮೇಲಿನ ಸಂಖ್ಯೆ. ವರ್ಧನೆ ಹೆಚ್ಚಿಸುವುದೆಂದರೆ ನಮ್ಮೂರ ದೋಸೆಯನ್ನು ದೊಡ್ಡದು ಮಾಡಿ ಬೆಣ್ಣೆಯನ್ನು ಅಷ್ಟೇ ಹಾಕಿದಂತೆ. 525 ಪಟ್ಟಿನಲ್ಲಿ ನಿಮ್ಮ ಕಣ್ಣಿಗೆ ಬರುವ ಬೆಳಕಿನ ಕಂತೆಯ ವ್ಯಾಸ ಬರೀ 0.13 ಮಿಲಿಮೀಟರ್, ಅದೇ 10×50 ಬೈನಾಕ್ಯುಲರಿನಲ್ಲಿ 5 ಮಿಲಿಮೀಟರ್. ಮಂಕಾಗದೆ ಇನ್ನೇನಾದೀತು?

ಲೆನ್ಸ್ ಮರುಳ

ಕುಣಿಯಲಾರದವಳು ನೆಲ ಡೊಂಕು ಎಂದಳಂತೆ! ದೊಡ್ಡ ಕನ್ನಡಿಯನ್ನೂ ಕತ್ತಲೆಯ ಜಾಗಕ್ಕೇ ಒಯ್ಯಬಹುದು ಎಂಬುದು ತಮಗೆ ಹೊಳೆಯಲಿಲ್ಲವೇ? ಉಂಗುರ ನೀಹಾರಿಕೆಯ ಕಾಂತಿಮಾನ 8.8 (ಈ ಸಂಖ್ಯೆ ಹೆಚ್ಚಿದಷ್ಟೂ ವಸ್ತು ಮಂಕು), ಅದು ಇರುವುದೇ ಚಿಕ್ಕ ಚುಕ್ಕೆಯಷ್ಟು. ಬೈನಾಕ್ಯುಲರಿನಲ್ಲಿ ಅದರ ಉಂಗುರವನ್ನು ತೋರಿಸಿ ನೋಡೋಣ.

ಜಗಳೂರು ಬಯಲು

ಉಂಗುರ ನೀಹಾರಿಕೆಯ ವಿಷಯದಲ್ಲಿ ತಮ್ಮ ಮಾತನ್ನು ಒಪ್ಪುತ್ತೇನೆ. ಆದರೆ ಇಲ್ಲಿ ಕೇಳಿದ್ದು ಮಹಾವ್ಯಾಧದ ನೀಹಾರಿಕೆಯ ಬಗ್ಗೆ. ಕಾಂತಿಮಾನ ಸುಮಾರು 4, ಅಗಲ ಒಂದು ಡಿಗ್ರಿಗೂ ಮೇಲು, ಅಂದರೆ ಹುಣ್ಣಿಮೆಯ ಚಂದ್ರನ ಎರಡರಷ್ಟು. ಇಂಥದ್ದಕ್ಕೆ ಕಡಿಮೆ ವರ್ಧನೆಯೂ ವಿಶಾಲವಾದ ನೋಟವೂ ಬೇಕು.

ಹಳೇಪೇಟೆ ಮಾಳಿಗೆ

ಎಲ್ಲರಿಗೂ ಧನ್ಯವಾದಗಳು. ಇನ್ನೊಂದು ಗೊಂದಲವಿದೆ. ಮಗಳ ಬಳಿ ಇರುವ ನಕ್ಷೆಯ ಪುಸ್ತಕ ಹೊರದೇಶದ್ದು. ಚಳಿಗಾಲದಲ್ಲಿ ದಕ್ಷಿಣಕ್ಕೆ ಮುಖ ಮಾಡಿ ನಿಂತರೆ ಮಹಾವ್ಯಾಧ ಎದುರಿಗೆ ನೆಟ್ಟಗೆ ನಿಂತಿರುತ್ತಾನೆ, ಅವನ ಕಾಲಬುಡದಲ್ಲಿ ಲುಬ್ಧಕ (ಸಿರಿಯಸ್) ನಕ್ಷತ್ರವು ದಿಗಂತಕ್ಕೆ ಹತ್ತಿರವಾಗಿ ಮಿನುಗುತ್ತಿರುತ್ತದೆ ಎಂದು ಅದರಲ್ಲಿದೆ. ನಮ್ಮ ಮಾಳಿಗೆಯಿಂದ ಅದ್ಯಾವುದೂ ಹಾಗೆ ಕಾಣುವುದಿಲ್ಲ. ಲುಬ್ಧಕ ಎತ್ತರದಲ್ಲಿದೆ, ಅದರ ಕೆಳಗೆ ದಕ್ಷಿಣದಲ್ಲಿ ಇನ್ನೊಂದು ಪ್ರಕಾಶಮಾನವಾದ ನಕ್ಷತ್ರವಿದೆ. ನಕ್ಷೆಯಲ್ಲಿ ಅದು ಇಲ್ಲವೇ ಇಲ್ಲ.

ಮಾರಿಕಣಿವೆ

ಈ ಇಡೀ ಚರ್ಚೆಯಲ್ಲಿ ಇದೇ ಒಳ್ಳೆಯ ಪ್ರಶ್ನೆ. ಉಪಕರಣದ ಜಗಳವನ್ನು ಸ್ವಲ್ಪ ಹೊತ್ತು ಬದಿಗಿಟ್ಟು ಇದನ್ನು ನೋಡೋಣ.

ನಿಮ್ಮ ಪುಸ್ತಕ ಬಹುಶಃ 40ರಿಂದ 50 ಡಿಗ್ರಿ ಉತ್ತರ ಅಕ್ಷಾಂಶದವರಿಗಾಗಿ ಬರೆದದ್ದು. ಚಿತ್ರದುರ್ಗ 14.2 ಡಿಗ್ರಿಯಲ್ಲಿದೆ, ದಾವಣಗೆರೆ ಸುಮಾರು 14.5ರಲ್ಲಿ. ಆದ್ದರಿಂದ ಧ್ರುವ ನಕ್ಷತ್ರ ನಮಗೆ ಉತ್ತರ ದಿಗಂತದಿಂದ ಹದಿನಾಲ್ಕು ಡಿಗ್ರಿ ಎತ್ತರದಲ್ಲಷ್ಟೇ ಇರುತ್ತದೆ, ಎದುರುಮನೆಯ ನೀರಿನ ಟ್ಯಾಂಕಿಗೂ ಮರೆಯಾಗುತ್ತದೆ. ದಕ್ಷಿಣದ ಆಕಾಶವೋ, ನಮಗೆ ತೆರೆದುಕೊಂಡಷ್ಟು ಅವರಿಗೆ ತೆರೆದುಕೊಳ್ಳುವುದಿಲ್ಲ. ಮಹಾವ್ಯಾಧನ ನೀಹಾರಿಕೆ ಜನವರಿ ಮಧ್ಯದಲ್ಲಿ ರಾತ್ರಿ ಹತ್ತು ಗಂಟೆ ದಾಟುವ ಹೊತ್ತಿಗೆ 70 ಡಿಗ್ರಿ ಎತ್ತರಕ್ಕೇರಿರುತ್ತದೆ. ನೆತ್ತಿಗೆ ಅಷ್ಟು ಹತ್ತಿರವಿದ್ದಾಗ ಅದರ ಬೆಳಕು ತೀರಾ ಕಡಿಮೆ ವಾಯುಮಂಡಲವನ್ನು ದಾಟಿ ಬರುತ್ತದೆ, ಇಂಥ ಅನುಕೂಲ ಲಂಡನ್ನಿನವರಿಗೆ ಇಲ್ಲ. ಮೂಡುವಾಗಲಂತೂ ಮಹಾವ್ಯಾಧ ನಮಗೆ ನಿಂತುಕೊಂಡಲ್ಲ, ಮಗ್ಗುಲಾಗಿ ಮಲಗಿಕೊಂಡೇ ಮೇಲೇರುತ್ತಾನೆ.

ನೀವು ಕಂಡ ಹೆಸರಿಲ್ಲದ ನಕ್ಷತ್ರ ಅಗಸ್ತ್ಯ. ಇಡೀ ಆಕಾಶದಲ್ಲಿ ಲುಬ್ಧಕವನ್ನು ಬಿಟ್ಟರೆ ಅದೇ ಅತ್ಯಂತ ಪ್ರಕಾಶಮಾನ, ಕಾಂತಿಮಾನ ಸುಮಾರು ಮೈನಸ್ 0.7. ಫೆಬ್ರವರಿ ಮಧ್ಯದಲ್ಲಿ ರಾತ್ರಿ ಒಂಬತ್ತರ ಆಸುಪಾಸಿನಲ್ಲಿ ಲುಬ್ಧಕವು ದಕ್ಷಿಣಕ್ಕೆ 59 ಡಿಗ್ರಿ ಎತ್ತರದಲ್ಲಿದ್ದರೆ ಅದರ ಕೆಳಗೆ 23 ಡಿಗ್ರಿಯಲ್ಲಿ ಅಗಸ್ತ್ಯ ಇರುತ್ತದೆ. ಲುಬ್ಧಕ ನಮ್ಮಿಂದ 8.6 ಜ್ಯೋತಿರ್ವರ್ಷ ದೂರದಲ್ಲಿದೆ, ಅಗಸ್ತ್ಯ ಮುನ್ನೂರು ಜ್ಯೋತಿರ್ವರ್ಷಕ್ಕೂ ಆಚೆ. ಹತ್ತಿರವಿರುವ ಕಾರಣಕ್ಕೆ ಒಂದು ಹೊಳೆಯುತ್ತಿದೆ, ನಿಜವಾಗಿಯೂ ದೈತ್ಯವಾಗಿರುವ ಕಾರಣಕ್ಕೆ ಇನ್ನೊಂದು ಹೊಳೆಯುತ್ತಿದೆ.

ಈಗ ಮುಖ್ಯ ಮಾತಿಗೆ ಬರುತ್ತೇನೆ. ಎಲ್ಲರೂ ಮಹಾವ್ಯಾಧನ ನೀಹಾರಿಕೆ ಎಂದು ಜಪಿಸುವುದು ಪುಸ್ತಕ ಬರೆದವರಿಗೆ ಅದು ಚೆನ್ನಾಗಿ ಕಾಣುವುದರಿಂದ. ಅದಕ್ಕಿಂತ ದೊಡ್ಡದೂ ಪ್ರಕಾಶಮಾನವೂ ಆದ ಕರೀನಾ ನೀಹಾರಿಕೆ ನಮ್ಮ ದಕ್ಷಿಣದಲ್ಲಿ 16 ಡಿಗ್ರಿವರೆಗೆ ಏರುತ್ತದೆ. 30 ಡಿಗ್ರಿ ಅಕ್ಷಾಂಶದ ಉತ್ತರಕ್ಕಿರುವವರಿಗೆ ಅದು ಹುಟ್ಟುವುದೇ ಇಲ್ಲ. ಅದರೊಳಗಿರುವ ಈಟಾ ಕರೀನೇ ನಕ್ಷತ್ರ 1843ರಲ್ಲಿ ಉಕ್ಕಿ ಹೊಳೆದು, ಕೆಲಕಾಲ ಲುಬ್ಧಕವನ್ನು ಬಿಟ್ಟರೆ ಆಕಾಶದ ಅತಿ ಪ್ರಕಾಶಮಾನ ನಕ್ಷತ್ರವೆನಿಸಿತ್ತು. ಆ ನಕ್ಷೆಯನ್ನು ಮುಚ್ಚಿಟ್ಟು ನಮ್ಮ ಅಕ್ಷಾಂಶಕ್ಕೆ ಹೊಂದಿಸಿದ ನಕ್ಷೆಯನ್ನು ಬಳಸಿ. ಸ್ಟೆಲ್ಲೇರಿಯಂ ತಂತ್ರಾಂಶದಲ್ಲಿ ಊರಿನ ಹೆಸರು ಹಾಕಿದರೆ ಸಾಕು, ಹಣ ಕೊಡಬೇಕಾಗಿಲ್ಲ.

ಚಳ್ಳಕೆರೆ ಶೇಂಗಾ

ಮಾರಿಕಣಿವೆಯವರ ಮಾತಿಗೆ ನನ್ನದೊಂದು ಸೇರ್ಪಡೆ. ನಮ್ಮ ಕಡೆಯ ರೈತರು ನಕ್ಷತ್ರಗಳ ಹೆಸರನ್ನು ಮಳೆಯ ಹೆಸರಾಗಿ ದಿನವೂ ಆಡುತ್ತಾರೆ. ಭರಣಿ ಮಳೆ ಬಂದರೆ ಧರಣಿಯೆಲ್ಲ ಬೆಳೆ ಎನ್ನುತ್ತಾರೆ, ಆರಿದ್ರಾ ಹುಯ್ದರೆ ಶೇಂಗಾ ಬಿತ್ತನೆಗೆ ಓಡುತ್ತಾರೆ. ಆದರೆ ಆಕಾಶದಲ್ಲಿ ಆರಿದ್ರಾ ಎಲ್ಲಿದೆ ಎಂದು ಕೇಳಿದರೆ ಹತ್ತರಲ್ಲಿ ಒಂಬತ್ತು ಮಂದಿಗೆ ತೋರಿಸಲು ಬರುವುದಿಲ್ಲ. ಮಹಾವ್ಯಾಧನ ಹೆಗಲಿನ ಕೆಂಪು ನಕ್ಷತ್ರವೇ ಆರಿದ್ರಾ ಎಂದು ಹೇಳಿಕೊಟ್ಟರೆ ಮಕ್ಕಳಿಗೆ ಆಕಾಶ ತಕ್ಷಣ ಹತ್ತಿರವಾಗುತ್ತದೆ.

ಕೋಟೆಕಲ್ಲು

ಆದರೆ ಜೂನ್ ಕೊನೆಯಲ್ಲಿ ಆರಿದ್ರಾ ಮಳೆ ಬೀಳುವಾಗ ಆ ನಕ್ಷತ್ರವನ್ನು ತೋರಿಸಲು ಹೋಗಬೇಡಿ. ಸೂರ್ಯ ಆಗ ಅದೇ ದಿಕ್ಕಿನಲ್ಲಿರುತ್ತಾನೆ, ನಕ್ಷತ್ರ ಹಗಲಿನ ಬೆಳಕಿನಲ್ಲಿ ಮುಳುಗಿರುತ್ತದೆ. ಮಳೆಗೆ ಆ ಹೆಸರು ಬಂದದ್ದೇ ಸೂರ್ಯ ಅಲ್ಲಿದ್ದಾನೆ ಎಂಬ ಲೆಕ್ಕದಿಂದ. ನೋಡಬೇಕಾದರೆ ಆರು ತಿಂಗಳು ಕಾದು ಡಿಸೆಂಬರಿನಲ್ಲಿ ನೋಡಬೇಕು.

ಬೆಣ್ಣೆದೋಸೆ

ಡಿಸೆಂಬರಿನವರೆಗೆ ಅದು ಉಳಿದಿದ್ದರೆ ತಾನೇ? ಇನ್ನೇನು ಸಿಡಿಯುತ್ತದೆ ಎಂದು ವಾಟ್ಸ್ಆ್ಯಪಿನಲ್ಲಿ ಓದಿದೆ.

ಹಿರಿಯೂರಿನ ಮೇಷ್ಟ್ರು

2019ರ ಕೊನೆಯಿಂದ 2020ರ ಫೆಬ್ರವರಿಯವರೆಗೆ ಆರಿದ್ರಾ ಬರಿಗಣ್ಣಿಗೆ ಗೊತ್ತಾಗುವಷ್ಟು ಮಂಕಾಗಿತ್ತು ಎಂಬುದು ನಿಜ, ಅದರ ಕಾಂತಿಮಾನ ಸುಮಾರು 0.5ರಿಂದ 1.6ಕ್ಕೆ ಇಳಿದಿತ್ತು. ನಕ್ಷತ್ರ ಹೊರಚೆಲ್ಲಿದ ಅನಿಲ ತಣಿದು ಧೂಳಾಗಿ ಅದರ ಒಂದು ಭಾಗವನ್ನು ಮರೆಮಾಡಿತು ಎಂಬುದು ಆಮೇಲಿನ ಅಧ್ಯಯನಗಳ ವಿವರಣೆ. ಮುಂದೊಂದು ಕಾಲಕ್ಕೆ ಅದು ಸಿಡಿಯುವುದು ಖಚಿತ, ಆದರೆ ಆ ಕಾಲವನ್ನು ಖಗೋಳಜ್ಞರು ಎಣಿಸುವುದು ಹತ್ತಾರು ಸಾವಿರ ವರ್ಷಗಳಲ್ಲಿ, ಲಕ್ಷ ವರ್ಷವಾದರೂ ಆಶ್ಚರ್ಯವಿಲ್ಲ.

ಸಿಡಿದ ನಕ್ಷತ್ರ ಏನಾಗುತ್ತದೆ ಎಂಬುದಕ್ಕೆ ಏಡಿ ನೀಹಾರಿಕೆಯೇ ಉದಾಹರಣೆ. ಅದರ ಸ್ಫೋಟವನ್ನು 1054ರಲ್ಲಿ ಚೀನಾದವರು ದಾಖಲಿಸಿದ್ದಾರೆ, ಆ ನಕ್ಷತ್ರ 23 ದಿನಗಳ ಕಾಲ ಹಗಲಿನಲ್ಲೇ ಕಾಣಿಸಿತ್ತು. ಮೂಲ ಪ್ರಶ್ನೆ ಕೇಳಿದವರಿಗೆ ಒಂದು ಮಾತು: ಅದರ ಇಂದಿನ ಕಾಂತಿಮಾನ 8.4. ವೃಷಭದ ಕೊಂಬಿನ ತುದಿಯ ಜೀಟಾ ನಕ್ಷತ್ರದಿಂದ ಒಂದು ಡಿಗ್ರಿ ದೂರದಲ್ಲಿ ಹುಡುಕಬೇಕು. ಊರೊಳಗಿನ ಮಾಳಿಗೆಯಿಂದ 70 ಮಿಲಿಮೀಟರಿನಲ್ಲಿ ಅದು ಕಾಣದಿರುವುದೇ ಸಹಜ.

ಮೊಳಕಾಲ್ಮೂರು ರೇಷ್ಮೆ

ಬೈನಾಕ್ಯುಲರಿನಲ್ಲಿ ಕಾಣುವ ಒಳ್ಳೆಯ ನೀಹಾರಿಕೆಗಳೆಂದರೆ ದೇವಯಾನಿ, ಒಮೆಗಾ ಸೆಂಟಾರಿ, ಧನುರಾಶಿಯ ಲಗೂನ್. ಇವು ಮೂರನ್ನೂ ನಮ್ಮೂರಿನಿಂದ ನೋಡಿದ್ದೇನೆ. ನಮ್ಮ ಗೆಲಾಕ್ಸಿಯ ನೆರೆಯ ಚಿಕ್ಕ ಗೆಲಾಕ್ಸಿಗಳಾದ ಮೆಗಲಾನಿಕ್ ಮೋಡಗಳನ್ನೂ ನೋಡಿದ್ದೇನೆ.

ಕೋಟೆಕಲ್ಲು

ತಾವು ಹೇಳಿದ ಮೂರರಲ್ಲಿ ನೀಹಾರಿಕೆ ಒಂದೇ, ಅದು ಲಗೂನ್. ದೇವಯಾನಿ 25 ಲಕ್ಷ ಜ್ಯೋತಿರ್ವರ್ಷ ದೂರದ ಬೇರೆಯದೇ ಗೆಲಾಕ್ಸಿ. ಎಡ್ವಿನ್ ಹಬಲ್ 1923ರಲ್ಲಿ ಅದರೊಳಗೆ ಸೆಫೀಡ್ ಬಗೆಯ (ಹೊಳಪಿನ ಏರಿಳಿತದಿಂದ ದೂರ ಅಳೆಯಬಹುದಾದ) ನಕ್ಷತ್ರವನ್ನು ಗುರುತಿಸಿದ ಮೇಲೆ ಅದನ್ನು ನೀಹಾರಿಕೆ ಎನ್ನುವುದಕ್ಕೆ ಆಧಾರ ಉಳಿಯಲಿಲ್ಲ. ಒಮೆಗಾ ಸೆಂಟಾರಿಯೋ, ಸುಮಾರು ಒಂದು ಕೋಟಿ ನಕ್ಷತ್ರಗಳಿರುವ ಗೋಳಾಕಾರದ ತಾರಾಗುಚ್ಛ. ಬರಿಗಣ್ಣಿಗೆ ಅದು ಒಂದೇ ನಕ್ಷತ್ರದಂತೆ ಕಾಣುವುದರಿಂದ ಹಳೆಯ ಪಟ್ಟಿಗಳಲ್ಲಿ ನಕ್ಷತ್ರವೆಂದೇ ಸೇರಿತ್ತು, ಅದು ನಕ್ಷತ್ರವಲ್ಲವೆಂದು ಎಡ್ಮಂಡ್ ಹ್ಯಾಲಿ 1677ರಲ್ಲಿ ಸೇಂಟ್ ಹೆಲೆನಾ ದ್ವೀಪದಿಂದ ಗಮನಿಸಿದ. ಮೆಗಲಾನಿಕ್ ದೊಡ್ಡ ಮೋಡ ನಮ್ಮ ಅಕ್ಷಾಂಶದಲ್ಲಿ ಏರುವುದೇ ಹೆಚ್ಚೆಂದರೆ 6 ಡಿಗ್ರಿ, ಚಿಕ್ಕದು 3 ಡಿಗ್ರಿ. ಅಷ್ಟು ತಗ್ಗಿನಲ್ಲಿ ಧೂಳು, ಮಂಜು, ಗುಡ್ಡಗಳನ್ನು ದಾಟಿ ಅವು ಮೊಳಕಾಲ್ಮೂರಿನಿಂದ ಕಂಡವು ಎಂಬುದನ್ನು ನಂಬಲು ನನಗೆ ಕಷ್ಟವಾಗುತ್ತಿದೆ.

ಮೊಳಕಾಲ್ಮೂರು ರೇಷ್ಮೆ

ನಂಬುವುದು ಬಿಡುವುದು ತಮಗೆ ಬಿಟ್ಟದ್ದು. ಮಳೆ ನಿಂತ ಮರುದಿನದ ಗಾಳಿಯನ್ನು ತಾವು ನೋಡಿಲ್ಲ. ಚಾರ್ಲ್ಸ್ ಮೆಸಿಯರ್ ಕೂಡ ತನ್ನ ಪಟ್ಟಿಯಲ್ಲಿ ಗೆಲಾಕ್ಸಿ, ಗುಚ್ಛ, ನೀಹಾರಿಕೆಗಳನ್ನು ಒಟ್ಟಿಗೇ ಸೇರಿಸಿದ್ದಾನೆ. ಧೂಮಕೇತು ಹುಡುಕುವವನಿಗೆ ಅವೆಲ್ಲವೂ ಒಂದೇ ಬಗೆಯ ಅಡ್ಡಿಗಳಾಗಿದ್ದವು.

ಜಗಳೂರು ಬಯಲು

ಲಗೂನ್ ಬಗ್ಗೆ ಒಂದು ಉಪಾಯ. ಧನು, ವೃಶ್ಚಿಕಗಳು ಸಂಜೆಯ ಆಕಾಶಕ್ಕೆ ಬರುವುದು ಜೂನ್, ಜುಲೈ, ಆಗಸ್ಟ್ ತಿಂಗಳುಗಳಲ್ಲಿ. ಆಗ ನಮಗೆ ಮೋಡ. ಹೊರದೇಶದ ಪುಸ್ತಕಗಳು ಅವುಗಳನ್ನು ಬೇಸಿಗೆಯ ನೋಟ ಎಂದು ಕರೆಯುವುದು ಇಲ್ಲಿಗೆ ಉಪಯೋಗವಿಲ್ಲ. ಏಪ್ರಿಲ್ ಮಧ್ಯದಲ್ಲಿ ಬೆಳಗಿನ ಜಾವ ನಾಲ್ಕೂವರೆಗೆ ಎದ್ದರೆ ಲಗೂನ್ ದಕ್ಷಿಣಕ್ಕೆ 51 ಡಿಗ್ರಿ ಎತ್ತರದಲ್ಲಿ ಸಿಗುತ್ತದೆ, ಅದರ ಬಲಕ್ಕೆ ಕೆಂಪು ಜ್ಯೇಷ್ಠಾ ನಕ್ಷತ್ರ ಹೊಳೆಯುತ್ತಿರುತ್ತದೆ. ಊರಿನ ಅರ್ಧದಷ್ಟು ದೀಪಗಳು ಆಗ ಆರಿರುತ್ತವೆ. ಎದ್ದೇಳುವುದೊಂದೇ ಕಷ್ಟ.

ಹಳೇಪೇಟೆ ಮಾಳಿಗೆ

ಕತ್ತಲೆಯ ಜಾಗ ಎಂದರೆ ಎಲ್ಲಿಗೆ ಹೋಗಬೇಕು? ಜೋಗಿಮಟ್ಟಿ ಎತ್ತರದಲ್ಲಿದೆಯೆಂದು ಗೆಳೆಯರು ಹೇಳುತ್ತಾರೆ.

ಮಾರಿಕಣಿವೆ

ಜೋಗಿಮಟ್ಟಿ ವನ್ಯಜೀವಿಧಾಮ. ಅರಣ್ಯ ಇಲಾಖೆಯ ಅನುಮತಿಯಿಲ್ಲದೆ ರಾತ್ರಿ ಅಲ್ಲಿಗೆ ಹೋಗುವ ಯೋಚನೆ ಬೇಡ. ಕರಡಿ, ಚಿರತೆಗಳಿವೆ, ಮೇಲಾಗಿ ಚಿತ್ರದುರ್ಗ ನಗರದ ಬೆಳಕು ಬುಡದಲ್ಲೇ ಇದೆ. ಎತ್ತರಕ್ಕಿಂತ ಒಣ ಗಾಳಿ ಮುಖ್ಯ. ದಾವಣಗೆರೆಯ ಸುತ್ತ ಭದ್ರಾ ಕಾಲುವೆಯ ಗದ್ದೆಗಳಿರುವುದರಿಂದ ಚಳಿಗಾಲದ ರಾತ್ರಿಗಳಲ್ಲಿ ಮಸೂರದ ಮೇಲೆ ಇಬ್ಬನಿ ಕೂರುತ್ತದೆ. ಚಳ್ಳಕೆರೆ, ಹಿರಿಯೂರು ಕಡೆಗೆ ಹೋದಷ್ಟೂ ಗಾಳಿ ಒಣಗುತ್ತದೆ. ಪರಿಚಯದವರ ಹೊಲ ಇದ್ದರೆ ಅದಕ್ಕಿಂತ ಒಳ್ಳೆಯ ಜಾಗ ಇನ್ನೊಂದಿಲ್ಲ.

ಲೆನ್ಸ್ ಮರುಳ

ಹೊಲ ಹಾಗಿರಲಿ, ಚಿತ್ರದುರ್ಗದ ಸುತ್ತಲ ಗುಡ್ಡಗಳ ಮೇಲೆ ಸಾಲುಗಟ್ಟಿ ನಿಂತ ಗಾಳಿಯಂತ್ರಗಳ ಕೆಂಪು ದೀಪಗಳು ಮಿಟುಕುತ್ತಲೇ ಇರುತ್ತವಲ್ಲ, ಅವುಗಳ ಬಗ್ಗೆ ಯಾರೂ ಮಾತನಾಡುತ್ತಿಲ್ಲ ಏಕೆ?

ಚಳ್ಳಕೆರೆ ಶೇಂಗಾ

ಕೆಂಪು ದೀಪ ಕಣ್ಣಿಗೆ ಕಿರಿಕಿರಿಯೇ ಹೊರತು ಕತ್ತಲೆಗೆ ಹೊಂದಿಕೊಂಡ ನೋಟವನ್ನು ಹಾಳುಮಾಡುವುದಿಲ್ಲ, ಕಾರಣವನ್ನು ಮೇಷ್ಟ್ರು ಮೇಲೆಯೇ ಹೇಳಿದ್ದಾರೆ. ಹಾಳುಮಾಡುವುದು ಮೊಬೈಲಿನ ಬಿಳಿ ಪರದೆ. ಕಣ್ಣು ಕತ್ತಲೆಗೆ ಪೂರ್ತಿ ಒಗ್ಗಲು ಇಪ್ಪತ್ತರಿಂದ ಮೂವತ್ತು ನಿಮಿಷ ಬೇಕು, ಒಮ್ಮೆ ಮೊಬೈಲ್ ತೆರೆದರೆ ಮತ್ತೆ ಮೊದಲಿನಿಂದ ಕಾಯಬೇಕು. ಇನ್ನೊಂದು ಅಭ್ಯಾಸವನ್ನೂ ಮಗಳಿಗೆ ಕಲಿಸಿ. ನೀಹಾರಿಕೆಯನ್ನು ನೇರವಾಗಿ ದಿಟ್ಟಿಸದೆ ಅದರ ಸ್ವಲ್ಪ ಪಕ್ಕಕ್ಕೆ ದೃಷ್ಟಿ ನೆಟ್ಟರೆ ಅದು ಹೆಚ್ಚು ಸ್ಪಷ್ಟವಾಗುತ್ತದೆ, ಏಕೆಂದರೆ ಅಕ್ಷಿಪಟಲದ ನಟ್ಟನಡುವೆ ದಂಡಕೋಶಗಳಿಲ್ಲ.

ಬೆಣ್ಣೆದೋಸೆ

ಇಷ್ಟೆಲ್ಲ ತಾಪತ್ರಯ ಯಾಕೆ? ನೀಹಾರಿಕೆ ಫಿಲ್ಟರ್ ಎಂಬುದು ಸಿಗುತ್ತದೆಯಂತೆ. ಅದನ್ನು ಹಾಕಿಕೊಂಡು ಮಾಳಿಗೆಯಿಂದಲೇ ನೋಡಬಹುದಲ್ಲ?

ಹಿರಿಯೂರಿನ ಮೇಷ್ಟ್ರು

ಮುಖ್ಯವಾಗಿ ಆಮ್ಲಜನಕದ ಹಸಿರು ಗೆರೆಯನ್ನು ಬಿಟ್ಟುಕೊಳ್ಳುವ ಫಿಲ್ಟರುಗಳು ಅವು. ಬೀದಿಯಲ್ಲಿ ಹಳದಿ ಸೋಡಿಯಂ ದೀಪಗಳಿದ್ದ ಕಾಲದಲ್ಲಿ ಅವುಗಳ ಉಪಯೋಗ ಹೆಚ್ಚಿತ್ತು, ಏಕೆಂದರೆ ಆ ದೀಪಗಳ ಬೆಳಕು ಹೆಚ್ಚಾಗಿ ಹಳದಿ, ಕಿತ್ತಳೆ ಭಾಗದಲ್ಲಿರುತ್ತಿತ್ತು. ಈಗಿನ ಬಿಳಿ ಎಲ್‌ಇಡಿಗಳ ಬೆಳಕು ಹಸಿರನ್ನೂ ಸೇರಿಸಿಕೊಂಡು ಹರಡಿರುವುದರಿಂದ ಅದರ ಒಂದು ಪಾಲು ಫಿಲ್ಟರಿನಿಂದ ನುಸುಳಿಯೇ ಬರುತ್ತದೆ. 70 ಮಿಲಿಮೀಟರಿಗೆ ಅದು ಇರುವ ಸ್ವಲ್ಪ ಬೆಳಕನ್ನೂ ಕಡಿಮೆ ಮಾಡುತ್ತದೆ.

ಲೆನ್ಸ್ ಮರುಳ

ಅದಕ್ಕೇ 8 ಅಂಗುಲ ಬೇಕು ಎಂದದ್ದು.

ಹಳೇಪೇಟೆ ಮಾಳಿಗೆ

ಸದ್ಯಕ್ಕೆ ಹೊಸ ದೂರದರ್ಶಕವೂ ಬೇಡ, ಫಿಲ್ಟರೂ ಬೇಡ. ಒಂದು ಬೈನಾಕ್ಯುಲರ್ ತೆಗೆದುಕೊಳ್ಳುತ್ತೇವೆ. ಮಾರ್ಚ್ ಅಮಾವಾಸ್ಯೆಗೆ ಕರೀನಾ ನೀಹಾರಿಕೆ ನೋಡಲು ಕೊಂಡಜ್ಜಿ ಕೆರೆಗೆ ಹೋಗೋಣವೆಂದು ಮಗಳು ಹೇಳುತ್ತಿದ್ದಾಳೆ, ಮನೆಯಿಂದ ಹತ್ತಿರ. ಅದು ಆದೀತೇ?

ಮಾರಿಕಣಿವೆ

ಕೊಂಡಜ್ಜಿ ಬೇಡ. ಅದು ಊರಿನ ಉತ್ತರಕ್ಕಿದೆ. ಅಲ್ಲಿಂದ ದಕ್ಷಿಣಕ್ಕೆ ತಿರುಗಿದರೆ ಕರೀನಾ ಇರಬೇಕಾದ ಎತ್ತರದಲ್ಲಿ ಇಡೀ ದಾವಣಗೆರೆಯ ಬೆಳಕು ಹರಡಿಕೊಂಡಿರುತ್ತದೆ. ಉತ್ತರದಲ್ಲಿರುವ ದೇವಯಾನಿಗಾದರೆ ಕೊಂಡಜ್ಜಿ ಸರಿ. ದಕ್ಷಿಣದ ವಸ್ತುಗಳಿಗೆ ಊರಿನ ದಕ್ಷಿಣಕ್ಕೆ, ಸೂಳೆಕೆರೆಯ ಕಡೆಗೆ ಹೋಗಿ, ಆಗ ಊರಿನ ಬೆಳಕು ನಿಮ್ಮ ಬೆನ್ನಿಗೆ ಬೀಳುತ್ತದೆ. ಚನ್ನಗಿರಿ ಪಟ್ಟಣದ ಬೆಳಕು ಸ್ವಲ್ಪ ಇರುತ್ತದೆ, ಆದರೆ ಅದು ಅಷ್ಟು ತೊಂದರೆ ಕೊಡದು. ಮಾರ್ಚ್ ಮಧ್ಯದಲ್ಲಿ ಕರೀನಾ ನೆಟ್ಟ ದಕ್ಷಿಣಕ್ಕೆ ಬರುವುದು ರಾತ್ರಿ ಹನ್ನೊಂದೂವರೆಗೆ, ಏಪ್ರಿಲ್ ಮಧ್ಯಕ್ಕಾದರೆ ಒಂಬತ್ತೂವರೆಗೇ ಸಿಗುತ್ತದೆ. ಆದರೆ ಆಗ ಸಂಜೆಯ ಮೋಡಗಳ ಕಾಟ ಶುರುವಾಗಿರುತ್ತದೆ, ಮಾರ್ಚನ್ನೇ ಇಟ್ಟುಕೊಳ್ಳಿ. ಅಲ್ಲಿಯೇ ಇನ್ನೊಂದೆರಡು ಗಂಟೆ ಉಳಿದರೆ ತ್ರಿಶಂಕು ನಕ್ಷತ್ರಪುಂಜವೂ ಒಮೆಗಾ ಸೆಂಟಾರಿಯೂ ಅದೇ ದಿಕ್ಕಿಗೆ ಬರುತ್ತವೆ.